ಹೆಸರು, ಮೂಲ, ಅರ್ಥ: ಮೂರು ಕಾಲಂಗಳ ಕಥೆ

ಮಗುವಿಗೆ ಹೆಸರು ಹುಡುಕುವವರಿಗೆ ಇವತ್ತು ಸಿಗುವ ಪುಸ್ತಿಕೆ, ಆ್ಯಪ್‌ಗಳಲ್ಲಿ ಸಾಮಾನ್ಯವಾಗಿ ಮೂರು ಕಾಲಂ: ಹೆಸರು, ಮೂಲ, ಅರ್ಥ. ಹೆಸರು ಕಿವಿಗೆ ಇಂಪಾಗಿದ್ದರೆ ಸಾಕು, ಅದು ಅವರವರ ರುಚಿ. ಆದರೆ ಉಳಿದೆರಡು ಕಾಲಂಗಳನ್ನು ನಂಬುವ ಮೊದಲು ಆ ಹೆಸರನ್ನೊಮ್ಮೆ ಕನ್ನಡದಲ್ಲಿ ಬರೆದು ನೋಡಬೇಕು. ಇಂಗ್ಲಿಷ್ ಸ್ಪೆಲಿಂಗ್ ಹ್ರಸ್ವ-ದೀರ್ಘ, ಅಲ್ಪಪ್ರಾಣ-ಮಹಾಪ್ರಾಣ ಎಲ್ಲವನ್ನೂ ನುಂಗಿಬಿಡುತ್ತದೆ. ಗೊಂದಲ ಹುಟ್ಟುವುದೇ ಅಲ್ಲಿ.

'ಅನಯಾ' ಎಂಬ ಹೆಸರನ್ನು ನೋಡಿ. ಮೂಲ ಸಂಸ್ಕೃತ, ಅರ್ಥ 'ಕಾಳಜಿ' ಎಂದು ಪಟ್ಟಿ ಹೇಳುತ್ತದೆ. ಕಾಳಜಿ ಎಂಬ ಅರ್ಥ ಅರಬಿಯ 'ಇನಾಯಾ'ದ್ದು. ಬೈಬಲ್ಲಿನ ನೆಹೆಮೀಯನ ಗ್ರಂಥದಲ್ಲೂ ಇದನ್ನೇ ಹೋಲುವ ಒಂದು ಹೀಬ್ರೂ ಹೆಸರಿದೆ, ಅದು ಗಂಡಸಿನದು. ಸಂಸ್ಕೃತದಲ್ಲಾದರೋ ನಯಕ್ಕೆ ಎದುರಾದದ್ದು ಅನಯ. ಮೋನಿಯರ್ ವಿಲಿಯಮ್ಸ್‌ನ 1899ರ ನಿಘಂಟು ಅದಕ್ಕೆ ಕೊಡುವ ಅರ್ಥ ದುರ್ನಡತೆ, ದುರದೃಷ್ಟ. ನಯ-ವಿನಯ ಬಲ್ಲ ಅಜ್ಜಿಯೊಬ್ಬಳು ನಿಘಂಟು ತೆರೆಯದೆಯೇ ಇದನ್ನು ಹೇಳಿಯಾಳು.

'ಅಧೀರಾ' ಇನ್ನೂ ಸ್ವಾರಸ್ಯಕರ. ಪಟ್ಟಿಗಳ ಪ್ರಕಾರ ಅರ್ಥ 'ಮಿಂಚು', 'ಬಲಶಾಲಿ'. ಮಿಂಚು ಸುಳ್ಳಲ್ಲ. ಅದೇ ನಿಘಂಟಿನಲ್ಲಿ ಆ ಅರ್ಥವಿದೆ, ನಿಂತಲ್ಲಿ ನಿಲ್ಲದ್ದು ಎಂಬ ಕಾರಣಕ್ಕೆ. ಅದರ ಅಕ್ಕಪಕ್ಕದಲ್ಲೇ ಚಂಚಲೆ, ಜಗಳಗಂಟಿ ಪ್ರೇಯಸಿ ಎಂಬ ಅರ್ಥಗಳೂ ಇವೆ. ಪಟ್ಟಿ ಮಾಡಿದವರು ಚಂದದ್ದನ್ನು ಹೆಕ್ಕಿಕೊಂಡು ಉಳಿದದ್ದನ್ನು ಬಿಟ್ಟರು. 'ಬಲಶಾಲಿ' ಬಂದದ್ದು ಹೀಬ್ರೂವಿನ 'ಅದೀರಾ'ದಿಂದ, ಅಲ್ಲಿ ಮಹಾಪ್ರಾಣವೇ ಇಲ್ಲ. ಎರಡು ಭಾಷೆಯ ಎರಡು ಶಬ್ದಗಳು ಒಂದೇ ಸ್ಪೆಲಿಂಗಿನಲ್ಲಿ ಒಂದಾಗಿಬಿಟ್ಟಿವೆ. (ಕೆಜಿಎಫ್ ಸಿನಿಮಾದ ಖಳನಿಗೆ ಅಧೀರ ಎಂದು ಹೆಸರಿಟ್ಟಾಗ ಧೈರ್ಯವಿಲ್ಲದವನು ಎಂಬ ಅರ್ಥ ಯಾರಿಗೂ ತೊಡಕಾಗಲಿಲ್ಲವೇ, ಅದು ಬೇರೆ ಮಾತು.) 'ಕಿಯಾರಾ'ದ್ದೂ ಇದೇ ಪಾಡು: ಇಟಲಿಯ ಕಿಯಾರಾ ಬೆಳಕಿನವಳು, ಐರಿಷ್ ಕಿಯಾರಾ ಕಪ್ಪು ಬಣ್ಣದವಳು.

ಇಂಥ ಹೊಸ ಹೆಸರುಗಳಿಗೆ ಬೇಡಿಕೆ ಏಕೆ ಎಂಬುದಕ್ಕೆ ಪಂಚಾಂಗದಲ್ಲೂ ಒಂದು ಕಾರಣವಿದೆ. 27 ನಕ್ಷತ್ರ, ತಲಾ 4 ಪಾದ, ಒಟ್ಟು 108 ಅಕ್ಷರ. ಆರಿದ್ರೆಯ ಮೂರನೇ ಪಾದದಲ್ಲಿ ಹುಟ್ಟಿದ ಮಗುವಿಗೆ 'ಙ' ಬರುತ್ತದೆ, ಹಸ್ತದ ಕೊನೆಯ ಪಾದಕ್ಕೆ 'ಠ'. ಇವುಗಳಿಂದ ಶುರುವಾಗುವ ಹೆಸರು ಎಲ್ಲಿಂದ ತರುವುದು? ಯಾರೋ ಕಟ್ಟುತ್ತಾರೆ, ಇನ್ನಾರೋ ಅದಕ್ಕೊಂದು ಅರ್ಥ ಅಂಟಿಸುತ್ತಾರೆ.

ತೀರ ಉಡಾಫೆಯ ಮಾತೆಂದರೆ 'ವೇದದಲ್ಲಿರುವ ಹೆಸರು' ಎಂಬುದು. ಋಗ್ವೇದದಲ್ಲಿ 10 ಮಂಡಲ, 1028 ಸೂಕ್ತಗಳಿವೆ. ಯಾವ ಮಂಡಲ, ಯಾವ ಸೂಕ್ತ ಎಂದು ಹೇಳದವರ ಮಾತನ್ನು ಲೆಕ್ಕಕ್ಕೆ ಹಿಡಿಯಬೇಕಿಲ್ಲ. ನಿಜವಾದ ವೈದಿಕ ಹೆಸರು ಬೇಕೆಂದರೆ ಮೊದಲ ಮಂಡಲದಲ್ಲಿ ಶುನಃಶೇಪ ಇದ್ದಾನೆ. ಐತರೇಯ ಬ್ರಾಹ್ಮಣ ಅವನ ಸಹೋದರರನ್ನೂ ಹೆಸರಿಸುತ್ತದೆ: ಶುನಃಪುಚ್ಛ, ಶುನೋಲಾಂಗೂಲ. ಮೂವರೂ ನಾಯಿಬಾಲಗಳೇ. ಪ್ರಾಚೀನರು ಹೆಸರಿಗೆ ಮಧುರ ಅರ್ಥ ಇರಲೇಬೇಕೆಂದು ಹಟ ಹಿಡಿದವರಲ್ಲ. ನಮ್ಮ ತಿಪ್ಪಮ್ಮ, ತಿಪ್ಪೇಸ್ವಾಮಿಯರನ್ನೂ ಯಾವ ಪಟ್ಟಿಯೂ ಮೆರೆಸುವುದಿಲ್ಲ. ಆದರೆ ಚಿತ್ರದುರ್ಗದ ಸೀಮೆಯ ತಿಪ್ಪೇಸ್ವಾಮಿಯ ಮೂಲ ಕೇಳಿದರೆ ಜನ ನಾಯಕನಹಟ್ಟಿಯ ಗುಡಿಯ ದಾರಿ ತೋರಿಸುತ್ತಾರೆ.

ಹೊಸ ಹೆಸರು ಕಟ್ಟುವುದರ ಬಗ್ಗೆ ನನ್ನ ತಕರಾರಿಲ್ಲ. 'ವೆನೆಸ್ಸಾ' ಜೊನಾಥನ್ ಸ್ವಿಫ್ಟ್ ತನ್ನ ಗೆಳತಿಯೊಬ್ಬಳ ಹೆಸರಿನ ತುಣುಕುಗಳನ್ನು ಜೋಡಿಸಿ ಕಟ್ಟಿದ ಹೆಸರು. 1807ರಲ್ಲಿ ಫ್ಯಾಬ್ರಿಸಿಯಸ್ ಎಂಬ ಕೀಟಶಾಸ್ತ್ರಜ್ಞ ಚಿಟ್ಟೆಗಳ ಒಂದು ಕುಲಕ್ಕೆ ಅದನ್ನಿಟ್ಟ. ಈಗ ಕೆಲವು ಪಟ್ಟಿಗಳಲ್ಲಿ ವೆನೆಸ್ಸಾ ಎಂದರೆ ಗ್ರೀಕ್ ಭಾಷೆಯಲ್ಲಿ ಚಿಟ್ಟೆ! ನಮ್ಮ 'ರಿಯಾಂಶ್' ಕೂಡ ಅದೇ ಹಾದಿಯಲ್ಲಿದ್ದಾನೆ. 'ಅಂಶ' ಸರಿ, ಮೊದಲಿನ 'ರಿಯ' ಯಾವ ಶಬ್ದ ಎಂದರೆ ಉತ್ತರವಿಲ್ಲ. ಆದರೂ 'ಸೂರ್ಯನ ಮೊದಲ ಕಿರಣ' ಎಂಬ ಅರ್ಥ ಸಿದ್ಧವಾಗಿದೆ. ಅವನ ಎದುರಿಗೆ 'ಹೊಸದಾಗಿ ಕಟ್ಟಿದ ಹೆಸರು' ಎಂದಷ್ಟೇ ಬರೆದಿದ್ದರೆ ಕಾಲಂ ಖಾಲಿಯೇನೂ ಉಳಿಯುತ್ತಿರಲಿಲ್ಲ.