ರಸವಾದವೂ ಗೋರಕ್ಷಪ್ರಸಂಗವೂ

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಗಳ ಕಡೆಯ ಮಠಮನೆಗಳಲ್ಲಿ ಪುರಾಣ ಹಚ್ಚುವ ವಾಡಿಕೆಯುಂಟು. ಚಾಮರಸನ ಪ್ರಭುಲಿಂಗಲೀಲೆಯನ್ನು ಓದಿಸುವಲ್ಲಿ ಗೋರಕ್ಷನ ಪ್ರಸಂಗವು ಬಂದಿತೆಂದರೆ ಸಭೆಯು ಎಚ್ಚರಗೊಳ್ಳುವದು. ಕತ್ತಿಯ ಏಟಿಗೆ ಗೋರಕ್ಷನ ಮೈ ಖಣಿಲೆನ್ನುವದು. ಅಲ್ಲಮನ ಮೈಯಲ್ಲಿ ಅದೇ ಕತ್ತಿಯು ಬಯಲಿನಲ್ಲಿ ಬೀಸಿದಂತೆ ಹಾದುಹೋಗುವದು. ಭಕ್ತರು ಇದನ್ನು ಪವಾಡವೆಂದು ಕೈಮುಗಿವರು. ಹೊಸ ವಿದ್ಯೆಯವರು ಅಸಂಭವವೆಂದು ನಗುವರು. ಕವಿಯು ಇಲ್ಲಿ ಹೂಡಿರುವ ವಾದವನ್ನು ಉಭಯಪಕ್ಷದವರೂ ಕೇಳಿಸಿಕೊಂಡಂತೆ ತೋರದು. ಆ ವಾದವು ಕಾಲವನ್ನು ಕುರಿತದ್ದು. ಅದರ ಮರ್ಮವನ್ನರಿಯುವದಕ್ಕೆ ರಸಶಾಸ್ತ್ರದ ಪರಿಚಯವು ಸ್ವಲ್ಪವಾದರೂ ಅವಶ್ಯವು.

ಪಾದರಸವು ಲೋಹವಾಗಿದ್ದೂ ಹರಿಯುವದು, ಅಂಗೈಯಲ್ಲಿ ನಿಲ್ಲದು, ಕಾಸಿದರೆ ಆವಿಯಾಗಿ ಹಾರುವದು. ಈ ಚಾಂಚಲ್ಯವನ್ನು ಕಂಡ ಪೂರ್ವಿಕರು ಅದಕ್ಕೆ ಜೀವವನ್ನೇ ಆರೋಪಿಸಿದರು. ರಸಗ್ರಂಥಗಳು ಹೇಳುವ 18 ಸಂಸ್ಕಾರಗಳ ಹೆಸರುಗಳೇ ಇದಕ್ಕೆ ಸಾಕ್ಷಿ. ಸ್ವೇದನದಿಂದ ರಸವು ಬೆವರುವದು, ಮೂರ್ಛನದಿಂದ ಮೈಮರೆಯುವದು, ಉತ್ಥಾಪನದಿಂದ ಮರಳಿ ಏಳುವದು. ದೀಪನದಿಂದ ಅದಕ್ಕೆ ಹಸಿವು ಹುಟ್ಟುವದು. ಆಮೇಲೆ ಅಭ್ರಕಾದಿಗಳನ್ನು ಗ್ರಾಸವಾಗಿ ನುಂಗಿ ಜಾರಣದಿಂದ ಅರಗಿಸಿಕೊಳ್ಳುವದು. ಮಾಧವನ ಹೆಸರಿನಲ್ಲಿ ಪ್ರಸಿದ್ಧವಾದ, 14ನೆಯ ಶತಮಾನದ ಸರ್ವದರ್ಶನಸಂಗ್ರಹದಲ್ಲಿ ರಸೇಶ್ವರದರ್ಶನಕ್ಕೆ ಪ್ರತ್ಯೇಕ ಪ್ರಕರಣವೇ ಉಂಟು. ಸಂಸಾರದ ಆಚೆಯ ದಡವನ್ನು ಕೊಡುವದರಿಂದ ಇದು ಪಾರದವೆಂದೂ, ಮೂರ್ಛೆಗೊಂಡ ರಸವು ರೋಗವನ್ನು ಕಳೆಯುವದೆಂದೂ, ಸತ್ತ ರಸವು ಬದುಕಿಸುವದೆಂದೂ, ಬದ್ಧವಾದ ರಸವು ಆಕಾಶಗಮನವನ್ನು ಕೊಡುವದೆಂದೂ ಅಲ್ಲಿ ಹೇಳಿದೆ. ಪಿಂಡಸ್ಥೈರ್ಯವು ಮೊದಲು, ಮುಕ್ತಿಯು ಅನಂತರವೆಂಬುದು ಈ ದರ್ಶನದವರ ಮತ. ಕಾಲದ ಓಟವನ್ನು ಒಂದು ಜೀವಂತದ್ರವ್ಯದಿಂದ ಕಟ್ಟಿಹಾಕಬಹುದೆಂಬ ಕಲ್ಪನೆಯೇ ಇದರ ತಿರುಳು.

ಚಾಮರಸನು 15ನೆಯ ಶತಮಾನದಲ್ಲಿ ಪ್ರೌಢದೇವರಾಯನ ವಿಜಯನಗರದಲ್ಲಿದ್ದ ಕವಿ. ಭಾಮಿನೀಷಟ್ಪದಿಯ 25 ಗತಿಗಳಲ್ಲಿ ಅವನ ಕಾವ್ಯವು ಹಬ್ಬಿದೆ. ಅವನ ಗೋರಕ್ಷನು ಯೋಗದಿಂದ ವಜ್ರಕಾಯನಾದವನು. ಪಾರದವನ್ನುಂಡೇ ಆ ಮೈ ಬಂದಿತೆಂದು ಭಾವಿಸಬೇಕಾದದ್ದಿಲ್ಲ. ಆದರೆ ನಾಥಸಿದ್ಧರಿಗೂ ರಸಸಿದ್ಧರಿಗೂ ಆದರ್ಶವೊಂದೇ. ಅದು ಕೆಡದ ಕಾಯ. ಆ ಆದರ್ಶವನ್ನು ಕವಿಯು ಒಂದು ಸದ್ದಿನಿಂದ ಖಂಡಿಸಿರುವನು. ಸದ್ದು ಹುಟ್ಟಿತೆಂದರೆ ಕತ್ತಿಗೆ ತಾಗುವ ವಸ್ತುವೊಂದು ಉಳಿದಿದೆಯೆಂದಾಯಿತು. ತಾಗುವದು ಉಳಿದಲ್ಲಿ ‘ನಾನು’ ಉಳಿಯಿತು. ‘ನಾನು’ ಉಳಿದಲ್ಲಿ ಕಾಲನ ಕೈಗೆ ಜುಟ್ಟು ಸಿಕ್ಕಿತು. ಕಾಲಕ್ಕೆ ಎದುರಾಗಿ ಗಟ್ಟಿಯಾದವನು ಕಾಲದೊಡನೆ ಇನ್ನೂ ವ್ಯಾಜ್ಯದಲ್ಲಿರುವನು. ಬಯಲಾದವನಿಗೆ ವ್ಯಾಜ್ಯವೇ ಇಲ್ಲ. ಇಷ್ಟು ದೊಡ್ಡ ತತ್ತ್ವವನ್ನು ಎರಡು ಏಟುಗಳಲ್ಲಿ ಕಣ್ಣಿಗೆ ಕಟ್ಟಿಸಿದ್ದು ಚಾಮರಸನ ಪ್ರತಿಭೆಯೇ ಸರಿ.

ಆದರೂ ಒಂದು ಕೊರತೆಯನ್ನು ಹೇಳದೆ ವಿಮರ್ಶೆಯು ಪೂರ್ತಿಯಾಗದು. ಚಾಮರಸನ ಅಲ್ಲಮನು ಮೊದಲಿನಿಂದಲೂ ನಿರ್ಲೇಪನು. ಮಾಯೆಯು ಅವನನ್ನು ಹಿಡಿಯಲಾರದೆ ಸೋಲುವಳು. ಏನನ್ನೂ ಕಳೆದುಕೊಳ್ಳದವನು ಕಾಲವನ್ನು ಗೆದ್ದನೆಂದರೆ ಕೇಳುವವರ ಎದೆಯು ಎಷ್ಟು ಕರಗೀತು? ಅವನಿಗೂ ಹಿಂದೆ ಹಂಪೆಯಲ್ಲಿದ್ದ ಹರಿಹರನು ಪ್ರಭುದೇವರ ರಗಳೆಯಲ್ಲಿ ಬೇರೊಬ್ಬ ಅಲ್ಲಮನನ್ನು ತೋರಿಸಿರುವನು. ಅವನು ಮದ್ದಳೆಗಾರನು, ಕಮಲತೆಯನ್ನು ಒಲಿದು ಕೂಡಿದವನು, ಜ್ವರವು ಅವಳನ್ನು ಒಯ್ಯಲು ಮರುಳನಂತೆ ಅಲೆದವನು. ಆ ಅಲೆತದಲ್ಲಿಯೇ ನೆಲದಿಂದ ಇಣುಕಿದ ಕಳಸವು ಅವನ ಕಣ್ಣಿಗೆ ಬೀಳುವದು. ಹೂತುಹೋದ ಗುಡಿಯೊಳಗೆ ಅನಿಮಿಷನು ದೊರೆಯುವನು. ಅನಿಮಿಷನೆಂದರೆ ರೆಪ್ಪೆಯಿಕ್ಕದವನು, ನಿಮಿಷವೆಂಬ ಅಳತೆಯೇ ಅಲ್ಲಿ ನಿಂತಿತು. ಕಾಲದ ಪೆಟ್ಟನ್ನು ತಿಂದವನೇ ಇಲ್ಲಿ ಕಾಲದಾಚೆಯನ್ನು ಕಾಣುವನು. ಗೋರಕ್ಷನಿಗೆ ಬಯಲನ್ನು ಬೋಧಿಸಲು ಇವನಿಗಿರುವ ಅಧಿಕಾರವು ಚಾಮರಸನ ಅಲ್ಲಮನಿಗಿಲ್ಲ. ಒಬ್ಬನಲ್ಲಿ ತತ್ತ್ವವು ನಿರ್ಮಲವು. ಇನ್ನೊಬ್ಬನಲ್ಲಿ ಅನುಭವವು ಸಾಚಾ. ಪೌರಾಣಿಕರು ಗೋರಕ್ಷಪ್ರಸಂಗವನ್ನೆತ್ತುವ ಮೊದಲು ಕಮಲತೆಯ ಸಾವನ್ನು ಹೇಳಿದರೆ, ಮನೆಯಲ್ಲಿ ಸಾವನ್ನು ಕಂಡು ಬಂದು ಕುಳಿತವರಿಗೆ ಆ ಬಯಲು ಹತ್ತಿರವಾದೀತು.

ಹಾಗಲ್ಲದೆ ಪವಾಡವನ್ನಷ್ಟೇ ಹೊಗಳಿದರೆ ಕೇಳುಗರ ಮನಸ್ಸು ವಜ್ರಕಾಯದ ಕಡೆಗೇ ವಾಲುವದು. ದ್ರವ್ಯದಿಂದ ಆಯುಷ್ಯವನ್ನು ಕೊಳ್ಳುವ ಈ ಆಸೆಯು ಎಲ್ಲ ದೇಶಗಳಲ್ಲಿಯೂ ಉಂಟು. ಅಮರತ್ವದ ಔಷಧವನ್ನು ಅರಸಿದ ಚೀನದ ಆದಿಚಕ್ರವರ್ತಿ ಶಿ ಹುವಾಂಗನ ಗೋರಿಯಲ್ಲಿ ಪಾದರಸದ ನದಿಗಳನ್ನು ಹರಿಸಿದ್ದರೆಂದು ಸಿಮಾ ಚಿಯೆನನು ಬರೆದಿರುವನು. ಆ ಚಕ್ರವರ್ತಿಯು ಕ್ರಿ.ಪೂ. 210ರಲ್ಲಿ, 50 ತುಂಬುವ ಮೊದಲೇ ತೀರಿಕೊಂಡನು. ಪಾದರಸವು ನರಗಳಿಗೂ ಮೂತ್ರಪಿಂಡಗಳಿಗೂ ವಿಷವೆಂಬುದು ಈಗ ನಿರ್ವಿವಾದವು. ಅದರ ಬಳಕೆಯನ್ನು ಕಡಿಮೆಮಾಡಲು 2013ರಲ್ಲಿ ರಾಷ್ಟ್ರಗಳು ಮಿನಮಾತಾ ಒಪ್ಪಂದವನ್ನು ಅಂಗೀಕರಿಸಿದವು.

ರಸಸಿದ್ಧರೆಂಬ ಮಾತನ್ನು ಭರ್ತೃಹರಿಯು ಕವೀಶ್ವರರಿಗೆ ಸಲ್ಲಿಸಿ, ಅವರ ಯಶಃಕಾಯಕ್ಕೆ ಜರಾಮರಣಗಳ ಭಯವಿಲ್ಲವೆಂದು ಶ್ಲೇಷೆಯಿಂದ ನುಡಿದಿರುವನು. ರಸವಾದಿಗಳ ಕುಲುಮೆಗಳು ಆರಿಹೋದವು. ಹರಿಹರ ಚಾಮರಸರ ಮಾತು ಇಂದಿಗೂ ಕೊಟ್ಟೂರು ಸೀಮೆಯವರ ಕಿವಿಯಲ್ಲಿರುವದು. ಅದನ್ನು ಅರ್ಥವರಿತು ಓದಿಸುವ ಭಾರವು ಓದುಬರಹ ಬಲ್ಲ ಮನೆತನಗಳ ಮೇಲಿದೆ.