ಅರ್ಜಿದಾರರ ಪ್ರಜಾರಾಜ್ಯ

ಮಾಡದಕೆರೆ ಚಿತ್ರದುರ್ಗ ಜಿಲ್ಲೆಯ ಹೊಸದುರ್ಗ ತಾಲ್ಲೂಕಿನ ಹೋಬಳಿ. ಹೋಬಳಿ ಎಂದಮೇಲೆ ನಾಡಕಚೇರಿ, ಉಪ ತಹಶೀಲ್ದಾರ್, ಕಂದಾಯ ನಿರೀಕ್ಷಕರು ಇದ್ದದ್ದೇ. ಜಾತಿ ಪ್ರಮಾಣಪತ್ರ, ವಿಧವಾ ವೇತನ, ಪಹಣಿ ತಿದ್ದುಪಡಿ ಎಂದು ಸುತ್ತಲ ಹಳ್ಳಿಯವರು ಸಾಲು ನಿಲ್ಲುವುದೂ ಇದ್ದದ್ದೇ. ಕಾಯ್ದೆಯ ಪ್ರಕಾರ ಗ್ರಾಮಗಳಿಗೆ ಪಂಚಾಯಿತಿ ಇದೆ, ತಾಲ್ಲೂಕಿಗಿದೆ, ಜಿಲ್ಲೆಗಿದೆ. ಹೋಬಳಿಗೆ ಮಾತ್ರ ಜನ ಆರಿಸಿದ ಸಭೆ ಇಲ್ಲ. ಅರಸರ ಕಾಲದ ಈ ಕಂದಾಯದ ಘಟಕ 1831ರಲ್ಲಿ ಮೈಸೂರನ್ನು ವಹಿಸಿಕೊಂಡ ಬ್ರಿಟಿಷ್ ಕಮಿಷನರುಗಳನ್ನು ಕಂಡಿತು, 1881ರಲ್ಲಿ ಮರಳಿದ ಒಡೆಯರನ್ನು ಕಂಡಿತು, 1950ರ ಸಂವಿಧಾನವನ್ನೂ ಕಂಡಿತು. ಕಾಗದದ ಮೇಲಿನ ಮೊಹರು ಬದಲಾಯಿತು, ಸಾಲು ಬದಲಾಗಲಿಲ್ಲ.

ವಸಾಹತು ಆಳ್ವಿಕೆ ಕಳಚಿಕೊಂಡ ನಾಡುಗಳು ಪ್ರಜಾಪ್ರಭುತ್ವ ಕಟ್ಟಿಕೊಂಡ ಬಗೆಯನ್ನು ಚರ್ಚಿಸುವಾಗ ದುರ್ಬಲ ರಾಜ್ಯ, ಕ್ರೂರ ಸರ್ವಾಧಿಕಾರಿ ಎಂಬ ಎರಡೇ ರೋಗಗಳ ಮಾತಾಗುತ್ತದೆ. ಹಳೇ ಮೈಸೂರಿನ ರೋಗ ಬೇರೆ. ಇಲ್ಲಿ ರಾಜ್ಯ ಗಟ್ಟಿಯಾಗಿತ್ತು, ಸಾಲದ್ದಕ್ಕೆ ದಯಾಳುವೂ ಆಗಿತ್ತು. ದಯಾಳು ಪ್ರಭುವಿನ ಕೈಯಿಂದ ಅಧಿಕಾರ ಬಿಡಿಸಿಕೊಳ್ಳುವುದು ಕ್ರೂರಿಯ ಕೈಯಿಂದ ಬಿಡಿಸಿಕೊಳ್ಳುವುದಕ್ಕಿಂತ ಕಷ್ಟ ಎನ್ನುವುದಕ್ಕೆ ಚಿತ್ರದುರ್ಗ ಸೀಮೆಯೇ ಸಾಕ್ಷಿ.

1881ರಲ್ಲಿ ದಿವಾನ್ ರಂಗಾಚಾರ್ಲು ಪ್ರಜಾಪ್ರತಿನಿಧಿ ಸಭೆ ಕರೆದರು. ಮೊದಲ ಸಭೆಗೆ ಬಂದವರು 144 ಜನ, ಜಮೀನ್ದಾರರು ಮತ್ತು ವ್ಯಾಪಾರಿಗಳು. ಭಾರತದ ಸಂಸ್ಥಾನಗಳಲ್ಲಿ ಇದು ಮೊದಲನೆಯದೆಂದು ನಾವು ಇಂದಿಗೂ ಎದೆಯುಬ್ಬಿಸುತ್ತೇವೆ. ಉಬ್ಬಿಸಬೇಕಾದದ್ದೇ. ಆದರೆ ಆ ಸಭೆಯ ಕೆಲಸವೇನು? ದಸರೆಗೆ ಮೈಸೂರಿಗೆ ಹೋಗುವುದು, ದಿವಾನರು ವರ್ಷದ ವರದಿ ಓದುವುದನ್ನು ಕೇಳುವುದು, ಕೆರೆ ಏರಿ ಒಡೆದಿದೆ, ಕಂದಾಯ ಹೆಚ್ಚಾಗಿದೆ ಎಂದು ಅಹವಾಲು ಹೇಳಿಕೊಳ್ಳುವುದು. 1923ರ ಕಾಯ್ದೆ ಸಭೆಗೆ ಶಾಸನಬದ್ಧ ಸ್ಥಾನ ಕೊಟ್ಟಿತು. ಆದರೂ ದಿವಾನರನ್ನು ಇಳಿಸುವ ಶಕ್ತಿ ಅದಕ್ಕೆ ಕೊನೆಯವರೆಗೂ ಬರಲಿಲ್ಲ. ಪ್ರತಿನಿಧಿ ಎಂಬ ಪದ ನಮ್ಮಲ್ಲಿ ಹುಟ್ಟಿದ್ದೇ ಅರ್ಜಿ ಹಿಡಿದವನ ಅರ್ಥದಲ್ಲಿ. ಈ ಹುಟ್ಟುಗುಣ ಸುಲಭಕ್ಕೆ ಹೋಗುವಂಥದ್ದಲ್ಲ.

ಅರ್ಜಿ ಹಾಕಿದವರಿಗೆ ಪ್ರಭುತ್ವ ಕೊಟ್ಟದ್ದೂ ಕಡಿಮೆಯಲ್ಲ, ಗೊಡ್ಡು ಟೀಕೆ ಬೇಡ. ವೇದಾವತಿಗೆ ಮಾರಿಕಣಿವೆಯಲ್ಲಿ ಅಡ್ಡಕಟ್ಟಿದ ವಾಣಿವಿಲಾಸ ಸಾಗರ (1898ರಿಂದ 1907) ಇಂದಿಗೂ ಹಿರಿಯೂರಿನ ತೋಟಗಳ ಜೀವ. ಅದರ ಹಿನ್ನೀರು ಹರಡಿಕೊಂಡದ್ದು ಹೊಸದುರ್ಗದ ಕಡೆಗೆ, ಅಚ್ಚುಕಟ್ಟು ಇರುವುದು ಹಿರಿಯೂರಿನಲ್ಲಿ. ಅಣೆಕಟ್ಟಿನ ಲಾಭನಷ್ಟವನ್ನು ಆ ಎರಡೂ ಕಡೆಯವರು ಎದುರುಬದುರು ಕೂತು ತೀರ್ಮಾನಿಸುವ ಜಾಗವೊಂದು ಆಗ ಇರಲಿಲ್ಲ. ಕಟ್ಟಿದವರು ಒಳ್ಳೆಯವರಾದ್ದರಿಂದ ಅಂಥ ಜಾಗ ಬೇಕೆಂದು ಯಾರಿಗೂ ತೋರಲೂ ಇಲ್ಲ.

ಕೇಳಿ ಪಡೆಯದೆ ಹಿಡಿದು ಪಡೆದ ಪ್ರಸಂಗಗಳೂ ಇವೆ. 1938ರಲ್ಲಿ ವಿದುರಾಶ್ವತ್ಥದ ಗೋಲಿಬಾರ್, 1939ರಲ್ಲಿ ಚಿತ್ರದುರ್ಗದ ಪಕ್ಕದ ತುರುವನೂರಿನಲ್ಲಿ ಈಚಲ ಮರ ಕಡಿದ ಸತ್ಯಾಗ್ರಹ, 1942ರ ಈಸೂರು ದಂಗೆ. ದೇಶಕ್ಕೆ ಸ್ವಾತಂತ್ರ್ಯ ಬಂದ ಮೇಲೂ ದಿವಾನ್ ಆರ್ಕಾಟ್ ರಾಮಸ್ವಾಮಿ ಮೊದಲಿಯಾರ್ ಕುರ್ಚಿ ಬಿಡದಿದ್ದಾಗ ಮೈಸೂರು ಚಲೋ ಚಳವಳಿ ನಡೆಯಿತು. 1947ರ ಅಕ್ಟೋಬರ್‌ನಲ್ಲಿ ಕೆ.ಸಿ. ರೆಡ್ಡಿಯವರ ಜವಾಬ್ದಾರಿ ಸರ್ಕಾರ ಬಂತು. ಹೋರಾಟಗಾರರು ಬೆಂಗಳೂರಿನ ಕುರ್ಚಿ ಹಿಡಿದರು. ಜಿಲ್ಲೆಯ ಕುರ್ಚಿಯನ್ನು ಇದ್ದಲ್ಲೇ ಬಿಟ್ಟರು. 1959ರ ಪಂಚಾಯಿತಿ ಕಾಯ್ದೆ ತಾಲ್ಲೂಕು ಬೋರ್ಡುಗಳನ್ನು ಕೊಟ್ಟಿತಾದರೂ ಜಿಲ್ಲಾ ಅಭಿವೃದ್ಧಿ ಪರಿಷತ್ತಿನ ಅಧ್ಯಕ್ಷರು ಯಾರು ಅಂದುಕೊಂಡಿರಿ? ಜಿಲ್ಲಾಧಿಕಾರಿಗಳೇ.

ಹೊಸದುರ್ಗದ ಮತದಾರರಿಗೆ ಮಾತ್ರ ಒಂದು ನಮಸ್ಕಾರ ಸಲ್ಲಬೇಕು. ಚಿತ್ರದುರ್ಗದಲ್ಲಿ ವಕೀಲಿಕೆ ಮಾಡಿ, ಸಂಸ್ಥಾನದ ವಿರುದ್ಧ ಹೋರಾಡಿ, 1956ರಲ್ಲಿ ಏಕೀಕೃತ ರಾಜ್ಯದ ಮೊದಲ ಮುಖ್ಯಮಂತ್ರಿಯಾದವರು ಎಸ್. ನಿಜಲಿಂಗಪ್ಪ. 1962ರ ಚುನಾವಣೆಯಲ್ಲಿ ಹೊಸದುರ್ಗ ಅವರನ್ನು ಸೋಲಿಸಿ ಪ್ರಜಾ ಸೋಷಲಿಸ್ಟ್ ಪಕ್ಷದ ಜಿ.ಟಿ. ರಂಗಪ್ಪನವರನ್ನು ಗೆಲ್ಲಿಸಿತು. ಅಂದರೆ ದಿವಾನರನ್ನು ಇಳಿಸಲಾಗದೆ ಆರು ದಶಕ ಕೂತ ಸಭೆಯ ನಾಡಿನಲ್ಲಿ, ಒಂದು ಬರಪೀಡಿತ ತಾಲ್ಲೂಕು ರಾಜ್ಯ ಕಟ್ಟಿದವರನ್ನೇ ಮನೆಗೆ ಕಳಿಸಿತು. ಮುಂದಿನದೂ ಅಷ್ಟೇ ಸ್ವಾರಸ್ಯ. ಮೂರು ತಿಂಗಳು ಎಸ್.ಆರ್. ಕಂಠಿಯವರು ಮುಖ್ಯಮಂತ್ರಿಯಾಗಿ ಜಾಗ ಕಾದರು. ನಿಜಲಿಂಗಪ್ಪನವರು ಬಾಗಲಕೋಟೆಯಿಂದ ವಿಧಾನಸಭೆಗೆ ಬಂದು ಮತ್ತೆ ಮುಖ್ಯಮಂತ್ರಿಯಾದರು. ಕಾನೂನಿನ ಪ್ರಕಾರ ಸರಿಯೇ. ನಿಜಲಿಂಗಪ್ಪನವರ ಸರಳತೆಯ ಬಗ್ಗೆ ನನಗೆ ಗೌರವವಿದೆ. ಆದರೂ ತಾಲ್ಲೂಕು ಕೊಟ್ಟ ತೀರ್ಪನ್ನು ರಾಜಧಾನಿ ಮೂರೇ ತಿಂಗಳಲ್ಲಿ ದಾಟಿಕೊಂಡಿತಲ್ಲ, ಆ ಚಾಳಿ ಹೋಗಿಲ್ಲ.

ಇಷ್ಟರಲ್ಲಿ ಒಂದೇ ಒಂದು ಸಲ ಕಟ್ಟಡದ ಅಡಿಪಾಯಕ್ಕೇ ಕೈ ಹಾಕಿದ ಪ್ರಯತ್ನ ನಡೆಯಿತು. ರಾಮಕೃಷ್ಣ ಹೆಗಡೆಯವರ ಸರ್ಕಾರದಲ್ಲಿ ಸಚಿವ ಅಬ್ದುಲ್ ನಜೀರ್ ಸಾಬ್ ತಂದ 1983ರ ಪಂಚಾಯಿತಿ ಕಾಯ್ದೆ, 1987ರ ಜನವರಿಯಲ್ಲಿ ನಡೆದ ಚುನಾವಣೆ. ಮಂಡಲ ಪಂಚಾಯಿತಿ, ಜಿಲ್ಲಾ ಪರಿಷತ್ತು ಎಂಬ ಹೆಸರುಗಳು ಐವತ್ತು ದಾಟಿದವರ ಬಾಯಲ್ಲಿ ಇನ್ನೂ ಇವೆ. ಬರದ ನಾಡಿನವರಿಗೆ ನಜೀರ್ ಸಾಬ್ ಕೊಳವೆಬಾವಿಯ ‘ನೀರ್ ಸಾಬ್’. ಆದರೆ ಬಾವಿ ತೋಡಿಸಿದ್ದಕ್ಕಿಂತ ದೊಡ್ಡದು ಅವರು ಮಾಡಿದ ಮತ್ತೊಂದು ಕೆಲಸ. ಜಿಲ್ಲಾ ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ಸ್ಥಾನಮಾನ ಕೊಟ್ಟರು. ಅವರ ಕೈಕೆಳಗೆ ಮುಖ್ಯ ಕಾರ್ಯದರ್ಶಿಯಾಗಿ ಜಿಲ್ಲಾಧಿಕಾರಿಗಿಂತ ಹಿರಿಯ ಐಎಎಸ್ ಅಧಿಕಾರಿಯನ್ನು ಕೂರಿಸಿದರು. ಮಹಿಳೆಯರಿಗೆ ಶೇಕಡಾ 25 ಸ್ಥಾನ ಮೀಸಲಿಟ್ಟರು, ಸಂವಿಧಾನದ 73ನೇ ತಿದ್ದುಪಡಿಗೆ ಎಷ್ಟೋ ಮೊದಲೇ. ದಾವಣಗೆರೆಯೂ ಸೇರಿದ್ದ ಅಂದಿನ ದೊಡ್ಡ ಚಿತ್ರದುರ್ಗ ಜಿಲ್ಲೆಯಲ್ಲಿ ಶಾಲೆ, ಆಸ್ಪತ್ರೆ, ರಸ್ತೆಯ ಕಡತಗಳು ಚುನಾಯಿತರ ಮೇಜಿಗೆ ಬಂದವು. ಸಹಿ ಯಾರದು ಎಂಬ ಪ್ರಶ್ನೆಗೆ ಉತ್ತರ ಮೊದಲ ಸಲ ಬದಲಾಯಿತು.

ದೋಷಗಳಿರಲಿಲ್ಲವೇ? ಇದ್ದವು. ಹೆಚ್ಚು ಜಮೀನಿದ್ದ ಜಾತಿಗಳವರೇ ಕುರ್ಚಿ ಹಿಡಿದರು. ಎಷ್ಟೋ ಕಡೆ ಸದಸ್ಯೆಯ ಹೆಸರಲ್ಲಿ ಗಂಡನದೇ ದರ್ಬಾರು. ಕಂದಾಯ, ಪೊಲೀಸು ಜಿಲ್ಲಾಧಿಕಾರಿಯ ಸಾಲಿನಲ್ಲೇ ಉಳಿದವು. ಹೋಬಳಿಯ ಸಾಲು ಅಲುಗಲಿಲ್ಲ. ಶಾಸಕರಿಗಂತೂ ತಮ್ಮ ಕ್ಷೇತ್ರದಲ್ಲಿ ಇನ್ನೊಬ್ಬ ಯಜಮಾನ ಎದ್ದನಲ್ಲ ಎಂಬ ಸಂಕಟ. ಆದರೆ ನನ್ನ ತಕರಾರು ಇವಕ್ಕಿಂತ ಆಳದ್ದು. ನಜೀರ್ ಸಾಬ್ ಕೊಟ್ಟದ್ದೂ ಮೇಲಿನಿಂದಲೇ, ರಂಗಾಚಾರ್ಲು ಕೊಟ್ಟಂತೆ. 1988ರಲ್ಲಿ ನಜೀರ್ ಸಾಬ್ ತೀರಿಕೊಂಡರು, 1989ರಲ್ಲಿ ಸರ್ಕಾರ ಬದಲಾಯಿತು. ಐದು ವರ್ಷ ತುಂಬಿದ ಮೇಲೆ ಮರುಚುನಾವಣೆ ಬರಲಿಲ್ಲ, ಆಡಳಿತಾಧಿಕಾರಿಗಳು ಬಂದರು. 1947ರಲ್ಲಿ ಹೊತ್ತಿಕೊಂಡಿದ್ದ ರಾಜ್ಯ ಆಗ ಸುಮ್ಮನಿತ್ತು. ಕೊಟ್ಟವರು ವಾಪಸು ತೆಗೆದುಕೊಂಡರು ಅಂದುಕೊಂಡಿತೋ ಏನೋ.

ಇದು ನಮ್ಮೊಬ್ಬರ ಕಥೆಯಲ್ಲ. ತಾಂಜಾನಿಯಾದ ಜೂಲಿಯಸ್ ನ್ಯೆರೆರೆ ದೊಡ್ಡ ಮನಸ್ಸಿನ ನಾಯಕರು. ಬೇಗ ಅಭಿವೃದ್ಧಿಯಾಗಲೆಂದು 1972ರಲ್ಲಿ ಸ್ಥಳೀಯ ಸರ್ಕಾರಗಳನ್ನೇ ತೆಗೆದುಹಾಕಿದರು. ಅದು ತಮ್ಮ ತಪ್ಪೆಂದು ಮುಂದೆ ಅವರೇ ಒಪ್ಪಿಕೊಂಡರು. ಪಾಕಿಸ್ತಾನದ ಅಯೂಬ್ ಖಾನರದು ಇದರ ತಿರುಗುಮುರುಗು. 1959ರಲ್ಲಿ ಎಂಬತ್ತು ಸಾವಿರ ಸ್ಥಳೀಯ ಪ್ರತಿನಿಧಿಗಳ ವ್ಯವಸ್ಥೆ ಮಾಡಿ, ಅವರ ಮತದಿಂದಲೇ ತಮ್ಮ ಅಧ್ಯಕ್ಷಗಿರಿ ಭದ್ರಮಾಡಿಕೊಂಡರು. ಹಳ್ಳಿಯಲ್ಲಿ ಚುನಾವಣೆ ಆದೊಡನೆ ಪ್ರಜಾಪ್ರಭುತ್ವ ಬಂತು ಎನ್ನುವವರು ಅಯೂಬರನ್ನು ನೆನೆಯಬೇಕು. ಬಂದದ್ದನ್ನು ಕಳೆದುಕೊಂಡರೂ ಏನಾಗದು ಎನ್ನುವವರು ನ್ಯೆರೆರೆಯನ್ನು.

1993ರ ಪಂಚಾಯತ್ ರಾಜ್ ಕಾಯ್ದೆಯ ನಂತರ ಗ್ರಾಮ ಪಂಚಾಯಿತಿಗಳು ಬೇರುಬಿಟ್ಟಿವೆ, ನಿಜ. ಮೇಲಿನ ಎರಡು ಹಂತಗಳ ಪಾಡು ನೋಡಿ. ತಾಲ್ಲೂಕು, ಜಿಲ್ಲಾ ಪಂಚಾಯಿತಿಗಳಿಗೆ 2016ರಲ್ಲಿ ಚುನಾವಣೆಯಾಯಿತು, 2021ರಲ್ಲಿ ಅವಧಿ ಮುಗಿಯಿತು. ಅವಧಿ ಮುಗಿಯುವುದರೊಳಗೆ ಚುನಾವಣೆ ಮುಗಿದಿರಬೇಕು ಎನ್ನುತ್ತದೆ ಸಂವಿಧಾನದ 243ಇ ವಿಧಿ. ಆದರೆ ಕ್ಷೇತ್ರ ವಿಂಗಡಣೆಯ ಅಧಿಕಾರವನ್ನು ಚುನಾವಣಾ ಆಯೋಗದಿಂದ ಕಿತ್ತುಕೊಂಡ ತಿದ್ದುಪಡಿ, ಮೀಸಲಾತಿ ಪಟ್ಟಿ, ನ್ಯಾಯಾಲಯ ಎಂದು ವರ್ಷಗಳು ಉರುಳಿದವು, ಕುರ್ಚಿಯಲ್ಲಿ ಆಡಳಿತಾಧಿಕಾರಿ. ಒಂದು ಪಕ್ಷ ಶುರುಮಾಡಿದ್ದನ್ನು ಅಧಿಕಾರಕ್ಕೆ ಬಂದ ಇನ್ನೊಂದು ಪಕ್ಷ ಮುಂದುವರಿಸಿತು. ಬದಲಿಗೆ ಜನತಾ ದರ್ಶನ ನಡೆಯಿತು. ಆ ಹೆಸರನ್ನೇ ಗಮನಿಸಿ. ದರ್ಶನ ಕೊಡುವವರು ದೇವರು, ಅರಸರು. ಜನ ಅರ್ಜಿ ಹಿಡಿದು ಬರುತ್ತಾರೆ, ಪರಿಹಾರವಾದ ಅರ್ಜಿಗಳ ಲೆಕ್ಕ ಮರುದಿನ ಪತ್ರಿಕೆಯಲ್ಲಿ ಬರುತ್ತದೆ. ದಿವಾನರ ವಾರ್ಷಿಕ ವರದಿಯಲ್ಲೂ ಸಾಧನೆಯ ಲೆಕ್ಕವೇ ಇರುತ್ತಿತ್ತು.

2016ರಲ್ಲಿ ಹದಿನೇಳು ತುಂಬಿದ್ದ ಮಾಡದಕೆರೆಯ ಹುಡುಗಿಗೆ 2021ರಲ್ಲಿ ಇಪ್ಪತ್ತೆರಡು. ತಾಲ್ಲೂಕು ಪಂಚಾಯಿತಿಗೆ ಅವಳು ಹಾಕಬೇಕಿದ್ದ ಮೊದಲ ಮತದ ದಿನ ಆ ವರ್ಷ ಬರಲಿಲ್ಲ. ನಾಡಕಚೇರಿಯ ಬಾಗಿಲು ಮಾತ್ರ ಎಂದಿನಂತೆ ತೆರೆದಿತ್ತು, ಅರ್ಜಿ ಕೊಡುವವರಿಗೆ.