ಮುಖ ಬದಲಾಯಿತು, ಸಾವು ಬದಲಾಗಲಿಲ್ಲ

1990ರ ಆಗಸ್ಟ್‌ನಲ್ಲಿ ಅಮೆರಿಕದ ರಂಗನಟರ ಸಂಘ ‘ಆಕ್ಟರ್ಸ್ ಈಕ್ವಿಟಿ’ ಒಬ್ಬ ನಟನಿಗೆ ಅನುಮತಿ ನಿರಾಕರಿಸಿತು. ಲಂಡನ್ನಿನಲ್ಲಿ ಭರ್ಜರಿಯಾಗಿ ಓಡುತ್ತಿದ್ದ ‘ಮಿಸ್ ಸೈಗಾನ್’ ಎಂಬ ಸಂಗೀತ ನಾಟಕ ನ್ಯೂಯಾರ್ಕಿನ ಬ್ರಾಡ್‌ವೇಗೆ ಬರುವುದಿತ್ತು. ಅದರಲ್ಲಿ ಫ್ರೆಂಚ್ ಮತ್ತು ವಿಯೆಟ್ನಾಮಿ ಮಿಶ್ರ ಮೂಲದ ಒಬ್ಬ ತಲೆಹಿಡುಕ ಇದ್ದಾನೆ, ‘ಇಂಜಿನಿಯರ್’ ಎಂದು ಅವನನ್ನು ಕರೆಯುತ್ತಾರೆ. ಲಂಡನ್ನಿನಲ್ಲಿ ಆ ಪಾತ್ರ ಮಾಡಿದ್ದವರು ಬಿಳಿಯ ನಟ ಜೊನಾಥನ್ ಪ್ರೈಸ್. ಕಣ್ಣಿನ ಆಕಾರ ಬದಲಾಗುವಂತೆ ಅಂಟಿಸಿಕೊಂಡು, ಮೈಬಣ್ಣ ಬದಲಾಗುವಂತೆ ಬಳಿದುಕೊಂಡು ಅವರು ರಂಗಕ್ಕೆ ಬಂದಿದ್ದರು. ನಾಟಕಕಾರ ಡೇವಿಡ್ ಹೆನ್ರಿ ಹ್ವಾಂಗ್ ಮತ್ತು ನಟ ಬಿ.ಡಿ. ವಾಂಗ್ ಇದನ್ನು ಪ್ರತಿಭಟಿಸಿದರು, ಸಂಘ ಅವರ ಮಾತಿಗೆ ಕಿವಿಗೊಟ್ಟಿತು. ನಿರ್ಮಾಪಕ ಕ್ಯಾಮರನ್ ಮೆಕಿಂಟಾಷ್ ಸಿಟ್ಟಾಗಿ ಪ್ರದರ್ಶನವನ್ನೇ ರದ್ದು ಮಾಡಿದರು. ಅಷ್ಟರಲ್ಲಾಗಲೇ ಸುಮಾರು 2.5 ಕೋಟಿ ಡಾಲರಿನ ಟಿಕೆಟ್ ಮುಂಗಡವಾಗಿ ಮಾರಾಟವಾಗಿತ್ತು. ಕೆಲವೇ ದಿನಗಳಲ್ಲಿ ಸಂಘ ತನ್ನ ತೀರ್ಮಾನವನ್ನು ಹಿಂತೆಗೆದುಕೊಂಡಿತು. 1991ರ ಏಪ್ರಿಲ್‌ನಲ್ಲಿ ನಾಟಕ ತೆರೆ ಕಂಡಿತು. ಪ್ರೈಸ್‌ಗೆ ಟೋನಿ ಪ್ರಶಸ್ತಿಯೂ ಬಂತು.

ಅಮೆರಿಕದ ಏಷ್ಯನ್ ಮೂಲದ ನಾಟಕಕಾರರ ಮೇಲೆ ಸಂಶೋಧನೆ ಮಾಡುತ್ತಿರುವ ನನಗೆ ಈ ಜಗಳದ ಕಡತ ಪದೇ ಪದೇ ಎದುರಾಗುತ್ತದೆ. ಒಂದು ಪಕ್ಷದವರದು ‘ಕಲಾವಿದನಿಗೆ ಜನಾಂಗದ ಬೇಲಿ ಹಾಕಬೇಡಿ’ ಎಂಬ ವಾದ. ಇನ್ನೊಂದು ಪಕ್ಷದವರದು ‘ನಮ್ಮ ಪಾತ್ರವನ್ನು ನಮಗೆ ಕೊಡಿ’ ಎಂಬ ಬೇಡಿಕೆ. ಎರಡನೆಯದು ನ್ಯಾಯವಾದದ್ದು ಎಂಬುದರಲ್ಲಿ ನನಗೆ ಅನುಮಾನವಿಲ್ಲ. ಆದರೆ ಇಬ್ಬರೂ ಮಾತಾಡುತ್ತಿದ್ದುದು ಮುಖದ ಬಗ್ಗೆ. ಆ ಮುಖಕ್ಕೆ ಕಥೆಯೊಳಗೆ ಕೊಟ್ಟಿದ್ದ ಕೆಲಸ ಏನು ಎಂಬ ಪ್ರಶ್ನೆ ಹಿಂದೆ ಸರಿಯಿತು. ಪಡಿಯಚ್ಚು ಇರುವುದು ಬಣ್ಣದ ಡಬ್ಬಿಯಲ್ಲಿ ಮಾತ್ರ ಅಲ್ಲ, ಕಥೆಯ ಕಟ್ಟಿನಲ್ಲಿ ಎಂಬುದು ಈ ಬರಹದ ವಾದ.

ಮೊದಲು ನಮ್ಮ ಕಡೆಯಿಂದಲೇ ಏಳುವ ಒಂದು ತಕರಾರಿಗೆ ಉತ್ತರಿಸಬೇಕು. ಯಕ್ಷಗಾನ ನೋಡಿ ಬೆಳೆದವರಿಗೆ ಈ ಗಲಾಟೆ ವಿಚಿತ್ರವಾಗಿ ಕಾಣಬಹುದು. ಮೀಸೆ ಬೋಳಿಸಿದ ಗಂಡಸು ದ್ರೌಪದಿಯಾಗುತ್ತಾನೆ, ಅಕ್ಕಿಹಿಟ್ಟಿನ ಚಿಟ್ಟಿ ಇಟ್ಟವನು ರಾಕ್ಷಸನಾಗುತ್ತಾನೆ. ಇನ್ನೊಬ್ಬನಾಗುವುದೇ ವೇಷ, ಅದನ್ನೇ ತಪ್ಪೆಂದರೆ ಕಲೆಗೆ ಉಳಿಯುವುದೇನು? ಪ್ರಶ್ನೆ ಸರಿಯಾಗಿಯೇ ಇದೆ. ಆದರೆ ಬಣ್ಣದ ವೇಷದ ರಾಕ್ಷಸ ನಮ್ಮ ಬೀದಿಯಲ್ಲಿ ವಾಸಿಸುವ ಯಾವ ಸಮುದಾಯದ ಪ್ರತಿನಿಧಿಯೂ ಅಲ್ಲ. ದ್ರೌಪದಿಯ ವಿಷಯಕ್ಕೆ ಬಂದರೆ, ಗಂಡು ಹೆಣ್ಣಾಗಬಹುದಾಗಿದ್ದ ಕಾಲದಲ್ಲಿ ಹೆಣ್ಣು ಹೆಣ್ಣಾಗುವುದಕ್ಕೂ ಚೌಕಿಗೆ ಕಾಲಿಡುವಂತಿರಲಿಲ್ಲ. ವೇಷದ ಸ್ವಾತಂತ್ರ್ಯ ಆಗಲೂ ಒಂದೇ ದಿಕ್ಕಿಗೆ ಹರಿಯುತ್ತಿತ್ತು. ಹಾಗಾಗಿ ನಮ್ಮ ಉದಾಹರಣೆ ಪ್ರೈಸ್ ಪರವಾಗಿ ಸಾಕ್ಷಿ ಹೇಳುವುದಿಲ್ಲ, ಉಲ್ಟಾ ಹೊಡೆಯುತ್ತದೆ. ಯಾರು ಯಾರ ವೇಷ ಹಾಕಬಹುದು ಎಂಬುದಕ್ಕಿಂತ, ಯಾರಿಗೆ ಯಾವ ವೇಷವೂ ಸಿಗುವುದಿಲ್ಲ ಎಂಬುದು ಕೇಳಬೇಕಾದ ಪ್ರಶ್ನೆ.

ಹಾಲಿವುಡ್‌ನಲ್ಲಿ ಈ ಒಮ್ಮುಖ ಹರಿವಿಗೆ ದೊಡ್ಡ ಪುರಾವೆ 1937ರ ‘ದಿ ಗುಡ್ ಅರ್ತ್’. ಪರ್ಲ್ ಬಕ್ ಅವರ ಕಾದಂಬರಿ ನಮ್ಮಲ್ಲಿ ಅನೇಕರು ಓದಿರುವಂಥದ್ದೇ. ಚೀನೀ ರೈತ ಕುಟುಂಬದ ಆ ಕಥೆಯ ಎರಡು ಮುಖ್ಯ ಪಾತ್ರಗಳನ್ನು ಪಾಲ್ ಮುನಿ ಮತ್ತು ಲೂಯಿಸ್ ರೈನರ್ ಮಾಡಿದರು. ಇಬ್ಬರೂ ಚೀನೀಯರಲ್ಲ. ರೈನರ್‌ಗೆ ಆಸ್ಕರ್ ಬಂತು. ಆಗ ಹಾಲಿವುಡ್‌ನ ಅತಿ ಪ್ರಸಿದ್ಧ ಚೀನೀ ಮೂಲದ ನಟಿ, ಲಾಸ್ ಏಂಜಲಿಸ್‌ನಲ್ಲೇ ಹುಟ್ಟಿದ ಆನಾ ಮೇ ವಾಂಗ್, ನಾಯಕಿ ಓ-ಲಾನ್‌ಳ ಪಾತ್ರವನ್ನು ಬಯಸಿದ್ದರೂ ಅದು ಅವರಿಗೆ ದಕ್ಕಲಿಲ್ಲ. ಬೇರೆ ಬೇರೆ ಜನಾಂಗದವರ ನಡುವಿನ ದಾಂಪತ್ಯವನ್ನು ತೆರೆಯ ಮೇಲೆ ತೋರಿಸುವುದಕ್ಕೆ ಅಂದಿನ ಚಿತ್ರೋದ್ಯಮದ ಸಂಹಿತೆ ಒಪ್ಪುತ್ತಿರಲಿಲ್ಲ. ನಾಯಕ ಬಿಳಿಯ ನಟ ಎಂದಾದ ಮೇಲೆ ನಾಯಕಿಯೂ ಬಿಳಿಯ ನಟಿಯೇ ಆಗಬೇಕಿತ್ತು. ಕಥೆಯಲ್ಲಿ ಗಂಡ ಹೆಂಡತಿ ಇಬ್ಬರೂ ಚೀನೀಯರು, ತೊಡಕು ಮಾತ್ರ ಚೀನೀ ಮೂಲದ ನಟಿಗೆ!

ಹಾಗಾದರೆ ಆನಾ ಮೇ ವಾಂಗ್‌ಗೆ ನಾಯಕಿಯ ಪಾತ್ರ ಸಿಕ್ಕಾಗ ಏನಾಯಿತು? ಸಿಕ್ಕಿತ್ತು, ಅದೂ ಹದಿನೇಳರ ವಯಸ್ಸಿನಲ್ಲಿ. 1922ರ ಮೂಕಿ ಚಿತ್ರ ‘ದಿ ಟೋಲ್ ಆಫ್ ದಿ ಸೀ’, ಟೆಕ್ನಿಕಲರ್‌ನ ಆರಂಭದ ಪ್ರಯೋಗಗಳಲ್ಲಿ ಒಂದು. ಇಲ್ಲಿ ಮುಖಕ್ಕೆ ಬಣ್ಣ ಬಳಿದ ಸುಳ್ಳಿಲ್ಲ, ಚೀನೀ ಪಾತ್ರಕ್ಕೆ ಚೀನೀ ಮೂಲದ ನಟಿಯೇ ಇದ್ದಾರೆ. ಕಥೆ ಹೀಗಿದೆ: ಸಮುದ್ರದಲ್ಲಿ ತೇಲಿಬಂದ ಅಮೆರಿಕನ್ನನನ್ನು ‘ಕಮಲದ ಹೂ’ ಎಂಬ ಹುಡುಗಿ ಕಾಪಾಡುತ್ತಾಳೆ, ಅವನನ್ನು ಗಂಡನೆಂದು ನಂಬುತ್ತಾಳೆ. ಅವನು ಊರಿಗೆ ಹೋಗುತ್ತಾನೆ. ಅವಳು ಮಗುವನ್ನು ಹೆತ್ತು ಕಾಯುತ್ತಾಳೆ. ಅವನು ಅಮೆರಿಕನ್ ಹೆಂಡತಿಯ ಜೊತೆ ಬರುತ್ತಾನೆ. ಇವಳು ಮಗುವನ್ನು ಆ ಹೆಂಡತಿಯ ಕೈಗೊಪ್ಪಿಸಿ ಕಡಲಿಗೆ ಇಳಿಯುತ್ತಾಳೆ.

ಈ ಕಥೆ ಎಲ್ಲಿಯೋ ಕೇಳಿದಂತಿದೆ ಅನ್ನಿಸಿದರೆ ಆಶ್ಚರ್ಯವಿಲ್ಲ. ಇದು ನಾಗಾಸಾಕಿಯಿಂದ ಚೀನಾಕ್ಕೆ ವರ್ಗವಾದ ‘ಮದಾಮ ಬಟರ್‌ಫ್ಲೈ’. ಜಾನ್ ಲೂಥರ್ ಲಾಂಗ್ ಬರೆದ ಕಥೆ 1898ರಲ್ಲಿ ಬಂತು. ಡೇವಿಡ್ ಬೆಲಾಸ್ಕೊ ಅದನ್ನು 1900ರಲ್ಲಿ ನಾಟಕ ಮಾಡಿದರು. 1904ರಲ್ಲಿ ಮಿಲಾನಿನ ಲಾ ಸ್ಕಾಲಾದಲ್ಲಿ ಪುಚೀನಿಯ ಆಪೆರಾ ಮೊದಲ ಪ್ರದರ್ಶನ ಕಂಡಿತು. ಹದಿನೈದು ವರ್ಷದ ಚೋ-ಚೋ-ಸಾನ್ ಅಮೆರಿಕದ ನೌಕಾಧಿಕಾರಿ ಪಿಂಕರ್ಟನ್‌ನನ್ನು ಮದುವೆಯಾಗಿ, ಕಾದು, ಮಗುವನ್ನು ಬಿಟ್ಟುಕೊಟ್ಟು, ತಂದೆಯ ಚೂರಿಯಿಂದ ಇರಿದುಕೊಂಡು ಸಾಯುತ್ತಾಳೆ. ‘ಮಿಸ್ ಸೈಗಾನ್’ ಈ ಕಥೆಯನ್ನು 1975ರ ವಿಯೆಟ್ನಾಮಿಗೆ ಒಯ್ಯುತ್ತದೆ. ಹದಿಹರೆಯದ ಕಿಮ್ ಅಮೆರಿಕನ್ ಸೈನಿಕ ಕ್ರಿಸ್‌ಗಾಗಿ ಕಾಯುತ್ತಾಳೆ, ಅವನು ಅಮೆರಿಕನ್ ಹೆಂಡತಿಯ ಜೊತೆ ಬಂದ ಮೇಲೆ ಮಗನ ಭವಿಷ್ಯಕ್ಕಾಗಿ ಗುಂಡು ಹೊಡೆದುಕೊಳ್ಳುತ್ತಾಳೆ. ಚೂರಿ, ಕಡಲು, ಪಿಸ್ತೂಲು. ಸಾಧನ ಬೇರೆ, ಕೆಲಸ ಒಂದೇ: ಮಗುವನ್ನು ಕೊಟ್ಟು ಜಾಗ ಖಾಲಿ ಮಾಡುವುದು.

ಇಂಜಿನಿಯರನ ಕಣ್ಣಿನ ಬಗ್ಗೆ ಜಗಳವಾಗುತ್ತಿದ್ದಾಗ ಕಿಮ್ ಪಾತ್ರದಲ್ಲಿದ್ದವರು ಫಿಲಿಪೀನ್ಸಿನ ಲೇಯಾ ಸಲೊಂಗಾ. ಅದ್ಭುತ ಕಂಠ, ಅವರಿಗೂ ಟೋನಿ ಬಂತು. ಏಷ್ಯನ್ ಪಾತ್ರಕ್ಕೆ ಏಷ್ಯನ್ ಮುಖ ಎಂಬ ಲೆಕ್ಕ ಅವರ ಮಟ್ಟಿಗೆ ಸರಿಹೋಗಿತ್ತು. 2014ರ ಲಂಡನ್ ಮರುಪ್ರದರ್ಶನದಲ್ಲಿ, 2017ರಲ್ಲಿ ಅದು ಬ್ರಾಡ್‌ವೇಗೆ ಬಂದಾಗ, ಇಂಜಿನಿಯರನಾಗಿದ್ದವರು ಫಿಲಿಪೀನ್ಸ್ ಮೂಲದ ಜಾನ್ ಜಾನ್ ಬ್ರಿಯೋನಿಸ್. ಲೆಕ್ಕ ಇನ್ನಷ್ಟು ಸರಿಹೋಯಿತು. ಕಿಮ್ ಮಾತ್ರ ಪ್ರತಿ ರಾತ್ರಿ ಸಾಯುತ್ತಲೇ ಇದ್ದಳು.

ಇದರ ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಈ ನಾಟಕ ಏಷ್ಯನ್ ಮೂಲದ, ಅದರಲ್ಲೂ ಫಿಲಿಪೀನ್ಸಿನ ಒಂದು ಪೀಳಿಗೆಯ ನಟರಿಗೆ ಅನ್ನ ಕೊಟ್ಟಿದೆ. ಬ್ರಿಯೋನಿಸ್ 1989ರ ಮೊದಲ ತಂಡದಲ್ಲಿ ಮೇಳದ ನಟರಾಗಿದ್ದವರು. ಅವರ ದುಡಿಮೆಯನ್ನು ಹಗುರ ಮಾಡುವ ಹಕ್ಕು ವಿಮರ್ಶಕಿಯಾದ ನನಗಿಲ್ಲ. ಪುಚೀನಿಯ ಸಂಗೀತವನ್ನು ಕಿವಿಯಿಂದ ಒರೆಸಿಹಾಕಲೂ ಆಗುವುದಿಲ್ಲ. ಪಿಂಕರ್ಟನ್ ಹೇಡಿ ಎಂಬುದನ್ನು ಆಪೆರಾ ಮುಚ್ಚಿಡುವುದಿಲ್ಲ, ಅದು ಅವನ ಮೇಲಿನ ಆರೋಪಪಟ್ಟಿ ಎಂದು ಓದುವವರಿದ್ದಾರೆ. ಒಪ್ಪೋಣ. ಆದರೆ ಆ ಆರೋಪ ಸಾಬೀತಾಗಲು ಪ್ರತಿ ಸಲವೂ ಅವಳ ಹೆಣವೇ ಏಕೆ ಬೇಕು? ಗಂಡಸಿಗೆ ಪಶ್ಚಾತ್ತಾಪ ಸಿಗುತ್ತದೆ, ಪ್ರೇಕ್ಷಕರಿಗೆ ಕಣ್ಣೀರು ಸಿಗುತ್ತದೆ. ಅವಳು ಬದುಕಿ, ವಕೀಲರನ್ನು ಹಿಡಿದು, ಮಗುವನ್ನು ತನ್ನಲ್ಲೇ ಇಟ್ಟುಕೊಂಡಿದ್ದರೆ ನಮಗೆ ಅಷ್ಟು ಹಿತವಾಗಿ ಅಳಲು ಆಗುತ್ತಿತ್ತೇ? ಸಾಯುವ ಏಷ್ಯನ್ ಹೆಣ್ಣನ್ನು ಪ್ರೀತಿಸುವುದು ಸುಲಭ, ಅವಳು ಯಾವ ಲೆಕ್ಕವನ್ನೂ ಕೇಳುವುದಿಲ್ಲ.

ಈ ಸುಲಭದ ಪ್ರೀತಿಯನ್ನೇ ಹಿಡಿದು ಹ್ವಾಂಗ್ 1988ರಲ್ಲಿ ‘ಎಂ. ಬಟರ್‌ಫ್ಲೈ’ ಬರೆದರು. ಬೀಜಿಂಗಿನ ಆಪೆರಾ ಕಲಾವಿದೆಯೊಬ್ಬಳನ್ನು ಫ್ರೆಂಚ್ ರಾಜತಾಂತ್ರಿಕನೊಬ್ಬ ವರ್ಷಗಟ್ಟಲೆ ಪ್ರೀತಿಸಿದ, ಕೊನೆಗೆ ಆಕೆ ಗಂಡಸು ಮತ್ತು ಗೂಢಚಾರ ಎಂದು ತಿಳಿಯಿತು. 1986ರಲ್ಲಿ ಪ್ಯಾರಿಸ್ಸಿನ ನ್ಯಾಯಾಲಯದಲ್ಲಿ ನಡೆದ ನಿಜ ಮೊಕದ್ದಮೆಯೊಂದು ಇದಕ್ಕೆ ಮೂಲ. ‘ಅವನಿಗೆ ಗೊತ್ತಾಗಲಿಲ್ಲವೇ?’ ಎಂದು ಲೋಕ ನಕ್ಕಿತು. ಹ್ವಾಂಗ್ ನಗಲಿಲ್ಲ, ಅವನಿಗೆ ಗೊತ್ತಾಗುವುದು ಬೇಕಿರಲಿಲ್ಲ ಎಂದು ಕಂಡುಕೊಂಡರು. ನಾಟಕದ ಗಾಲಿಮಾರ್ ಸಾಂಗ್ ಲಿಲಿಂಗ್‌ಳಲ್ಲಿ ಪ್ರೀತಿಸುವುದು ತಾನು ಮೊದಲೇ ಆಪೆರಾದಲ್ಲಿ ನೋಡಿದ್ದ ಬಟರ್‌ಫ್ಲೈಯನ್ನು. ಸಾಂಗ್ ಆ ಅಚ್ಚನ್ನು ಅರಿತು ಅದರೊಳಗೆ ಹೊಕ್ಕು ಕೂತ. ಕೊನೆಯ ದೃಶ್ಯದಲ್ಲಿ ಗಾಲಿಮಾರ್ ತಾನೇ ಮುಖಕ್ಕೆ ಬಣ್ಣ ಬಳಿದುಕೊಂಡು, ಬಟರ್‌ಫ್ಲೈಯ ನಿಲುವಂಗಿ ತೊಟ್ಟು, ಇರಿದುಕೊಂಡು ಸಾಯುತ್ತಾನೆ. ಗಂಡಸಿನ ಉಡುಪಿನಲ್ಲಿ ಸಾಂಗ್ ನಿಂತು ನೋಡುತ್ತಾನೆ. ಬಿಳಿಯನೊಬ್ಬ ಏಷ್ಯನ್ ವೇಷ ಹಾಕುವ ಕ್ರಿಯೆ ಇಲ್ಲಿ ಸತ್ಯ ನುಡಿಯುತ್ತದೆ, ಯಾಕೆಂದರೆ ಆ ವೇಷ ಯಾರ ಕನಸಿನಿಂದ ಹುಟ್ಟಿತ್ತೋ ಅವನ ಮೈಮೇಲೆಯೇ ವಾಪಸು ಬಂದಿದೆ. ಹ್ವಾಂಗ್ ನಟನನ್ನಷ್ಟೇ ಬದಲಿಸಲಿಲ್ಲ, ಸಾಯುವವನನ್ನು ಬದಲಿಸಿದರು.

2007ರ ‘ಯೆಲ್ಲೋ ಫೇಸ್’ನಲ್ಲಿ ಅವರ ಬಾಣ ತಮ್ಮತ್ತಲೇ ತಿರುಗುತ್ತದೆ. ಡಿಎಚ್‌ಎಚ್ ಎಂಬ ನಾಟಕಕಾರ ‘ಮಿಸ್ ಸೈಗಾನ್’ ವಿರುದ್ಧ ಹೋರಾಡಿದವನು. ತನ್ನದೇ ನಾಟಕದ ಏಷ್ಯನ್ ಪಾತ್ರಕ್ಕೆ ಗೊತ್ತಿಲ್ಲದೆ ಬಿಳಿಯ ನಟನೊಬ್ಬನನ್ನು ಆರಿಸುತ್ತಾನೆ. ಮರ್ಯಾದೆ ಉಳಿಸಿಕೊಳ್ಳಲು ಅವನ ಪೂರ್ವಜರು ಸೈಬೀರಿಯಾದವರು, ಆದ್ದರಿಂದ ಏಷ್ಯನ್ನರು ಎಂದು ಕಥೆ ಕಟ್ಟುತ್ತಾನೆ. ಹೊಟ್ಟೆ ಹುಣ್ಣಾಗಿಸುವ ಪ್ರಹಸನ ಇದು. ಆದರೆ ನಾಟಕದ ತೂಕ ಇರುವುದು ತಂದೆಯ ಎಳೆಯಲ್ಲಿ. ವಲಸೆ ಬಂದು ಬ್ಯಾಂಕ್ ಕಟ್ಟಿದ, ಅಮೆರಿಕವನ್ನು ಮನಸಾರೆ ನಂಬಿದ್ದ ಆ ಮನುಷ್ಯನನ್ನು ತನಿಖೆ ಮತ್ತು ಪತ್ರಿಕಾ ವರದಿಗಳು ಪರದೇಶಿಯ ಕೈಯಾಳೆಂಬಂತೆ ನೋಡತೊಡಗುತ್ತವೆ. ಆ ಹಿನ್ನೆಲೆಯಲ್ಲಿ ವೆನ್ ಹೊ ಲೀ ಪ್ರಕರಣವೂ ಬರುತ್ತದೆ. ತೈವಾನ್ ಮೂಲದ ಈ ಪರಮಾಣು ವಿಜ್ಞಾನಿ ಚೀನಾದ ಬೇಹುಗಾರ ಎಂಬ ಶಂಕೆ ಪತ್ರಿಕೆಗಳಲ್ಲಿ ಹಬ್ಬಿತು, 1999ರ ಡಿಸೆಂಬರ್‌ನಲ್ಲಿ ಅವರ ಮೇಲೆ 59 ಆರೋಪಗಳನ್ನು ಹೊರಿಸಲಾಯಿತು. ಒಂಬತ್ತು ತಿಂಗಳು ಒಂಟಿಸೆರೆಯಲ್ಲಿಟ್ಟ ಬಳಿಕ 58 ಆರೋಪಗಳು ಬಿದ್ದುಹೋದವು, ದಾಖಲೆ ನಿರ್ವಹಣೆಗೆ ಸಂಬಂಧಿಸಿದ ಒಂದನ್ನು ಮಾತ್ರ ಅವರು ಒಪ್ಪಿಕೊಂಡರು. ನ್ಯಾಯಾಧೀಶರೇ ಅವರ ಕ್ಷಮೆ ಕೇಳಿದರು.

ಪ್ರಹಸನದ ಪಕ್ಕದಲ್ಲಿ ಸೆರೆಮನೆಯನ್ನು ಹ್ವಾಂಗ್ ಏಕೆ ಇಟ್ಟರು? ರಂಗದ ಮೇಲಿನ ಅಚ್ಚು ರಂಗದಲ್ಲೇ ಉಳಿಯುವುದಿಲ್ಲ ಎಂದು ತೋರಿಸಲು. ಒಂದು ಜನರನ್ನು ಕಪಟಿ, ನಿಗೂಢ, ಎಂದೆಂದಿಗೂ ಹೊರಗಿನವರು ಎಂದು ನೋಡುವ ಅಭ್ಯಾಸ ಒಮ್ಮೆ ಬಿದ್ದರೆ, ಪುರಾವೆ ತೆಳುವಾಗಿದ್ದರೂ ತನಿಖಾಧಿಕಾರಿಯ ಕಣ್ಣಿಗೆ ಅದು ಗಟ್ಟಿಯಾಗಿಯೇ ಕಾಣುತ್ತದೆ.

ಇದೆಲ್ಲ ಅಮೆರಿಕದ ಗೊಡವೆ ಎಂದು ಕೈತೊಳೆದುಕೊಳ್ಳುವ ಸ್ಥಿತಿಯಲ್ಲಿ ನಾವಿಲ್ಲ. 2012ರ ಆಗಸ್ಟ್‌ನಲ್ಲಿ ವದಂತಿಗಳಿಗೆ ಹೆದರಿ ಸಾವಿರಾರು ಈಶಾನ್ಯ ಭಾರತೀಯರು ಬೆಂಗಳೂರಿನಿಂದ ಗುವಾಹಟಿಯ ರೈಲು ಹತ್ತಿದರು. ಅದಾಗಿ ಎರಡು ವರ್ಷಕ್ಕೆ ಮಣಿಪುರದ ಬಾಕ್ಸರ್ ಮೇರಿ ಕೋಮ್ ಅವರ ಬದುಕು ಹಿಂದಿಯಲ್ಲಿ ಸಿನಿಮಾ ಆಯಿತು, ಮೇರಿಯಾದವರು ಪ್ರಿಯಾಂಕಾ ಚೋಪ್ರಾ. ‘ಮಾರುಕಟ್ಟೆ ಇರುವ ತಾರೆ ಬೇಕು’ ಎಂಬ ಸಮರ್ಥನೆ ನಮಗೆ ಹೊಸದಲ್ಲ, 1990ರ ನ್ಯೂಯಾರ್ಕಿನಲ್ಲೂ ಇದೇ ದಾಟಿ ಕೇಳಿಬಂದಿತ್ತು. ಆ ಮುಖದ ತಾರೆಯನ್ನು ಬೆಳೆಯಲು ಬಿಡದೆ, ತಾರೆ ಇಲ್ಲ ಎನ್ನುವುದು ಯಾವ ನ್ಯಾಯ? ಆ ಮುಖದ ನಟಿ ಬಂದರೂ ಅವಳಿಗೆ ನಾವು ಇಡುವ ಪಾತ್ರ ಬ್ಯೂಟಿ ಪಾರ್ಲರಿನದೋ ಮೋಮೊ ಅಂಗಡಿಯದೋ ಆದರೆ ಬದಲಾದದ್ದೇನು?

ಹಾಗಾಗಿ ಪಾತ್ರವರ್ಗದ ಪಟ್ಟಿಯನ್ನು ಪರಿಶೀಲಿಸಿ ಮುಗಿಸುವ ವಿಮರ್ಶೆ ನನಗೆ ಸಾಲದು. ಪಟ್ಟಿ ಮುಖ್ಯವೇ, ಅದು ಹೊಟ್ಟೆಪಾಡಿನ ಮತ್ತು ಘನತೆಯ ಪ್ರಶ್ನೆ. ಆ ಮೇಲೆ ಕೇಳಲೇಬೇಕಾದವು ಬೇರೆ ಇವೆ. ಈ ಪಾತ್ರಕ್ಕೆ ಪ್ರೀತಿಯಾಚೆಗೆ ಏನಾದರೂ ಬೇಕಾಗಿದೆಯೇ? ಅವಳು ಯಾರ ಮೇಲಾದರೂ ರೇಗುತ್ತಾಳೆಯೇ? ತನ್ನವರ ಜೊತೆ ತನ್ನ ಮಾತಿನಲ್ಲಿ ನಗುತ್ತಾಳೆಯೇ? ಅವಳ ಸಾವಿನಿಂದ ಯಾರ ಬದುಕು ಹಗುರವಾಗುತ್ತದೆ? ಮುಂದಿನ ಸಲ ಇಂಥ ಕಥೆಯ ಕೊನೆಯಲ್ಲಿ ಕಣ್ಣು ತುಂಬಿ ಬಂದಾಗ, ಅಳುವುದನ್ನು ನಿಲ್ಲಿಸಬೇಕಿಲ್ಲ. ಅವಳು ಸಾಯದೆ ಇದ್ದಿದ್ದರೆ ಈ ಕಥೆಯನ್ನು ಯಾರಾದರೂ ನಮಗೆ ಹೇಳುತ್ತಿದ್ದರೇ ಎಂದು ಒಂದು ಸಲ ಕೇಳಿಕೊಂಡರೆ ಸಾಕು.